ಕಪ್ಪತಗುಡ್ಡದ ದಾರಿಬದಿಯ ಹಳದಿ ಹೂವು ಡ್ಯಾಂಡೇಲಿಯನ್ ಹೌದೇ?

ಗರಿಕೆ

ಎಲ್ಲರಿಗೂ ನಮಸ್ಕಾರ. ಎಳ್ಳಮಾವಾಸ್ಯೆಗೆಂದು ಗದಗ ಜಿಲ್ಲೆಯಲ್ಲಿರುವ ಅಕ್ಕನ ಮನೆಗೆ ಹೋಗಿದ್ದೆ. ಡಂಬಳ ದಾಟಿ ಮುಂಡರಗಿಯ ಕಡೆಗೆ ಹೋಗುವ ರಸ್ತೆಯ ಒಂದು ಮಗ್ಗುಲಿಗೆ ಕಪ್ಪತಗುಡ್ಡದ ಹುಲ್ಲುಬಯಲು, ಇನ್ನೊಂದು ಮಗ್ಗುಲಿಗೆ ಬಿಳಿಜೋಳದ ಹೊಲಗಳಿವೆ. ಈ ಎರಡರ ನಡುವೆ, ಡಾಂಬರು ಮುಗಿದು ಮಣ್ಣು ಶುರುವಾಗುವ ಅಂಚಿನಲ್ಲಿ, ಹಳದಿ ಹೂ ಬಿಟ್ಟ ಸಣ್ಣ ಗಿಡಗಳು ಸಾಲಾಗಿ ಕಂಡವು. ಹೂವು ಹೆಬ್ಬೆರಳಿನ ಉಗುರಿಗಿಂತ ತುಸು ದೊಡ್ಡದು. ಎಸಳುಗಳು ತುದಿಯಲ್ಲಿ ಕತ್ತರಿಸಿಟ್ಟಂತೆ ಮೊಂಡಾಗಿವೆ. ಕಾಂಡ ಚಿವುಟಿದರೆ ಬಿಳಿಯ ಹಾಲು ಬರುತ್ತದೆ. ಬೆಳಿಗ್ಗೆ ಒಂಬತ್ತಕ್ಕೆ ಪೂರ್ತಿ ಅರಳಿದ್ದ ಹೂಗಳು ಮಧ್ಯಾಹ್ನ ಊಟ ಮುಗಿಸಿ ಬರುವಷ್ಟರಲ್ಲಿ ಮುಚ್ಚಿಕೊಂಡಿದ್ದವು. ಪಕ್ಕದ ಗಿಡಗಳಲ್ಲಿ ಒಣಗಿದ ಹೂವಿನ ಜಾಗದಲ್ಲಿ ಬಿಳಿಯ ತುಪ್ಪುಳಿನ ಚೆಂಡುಗಳಿದ್ದವು. ನಾವು ಚಿಕ್ಕಂದಿನಲ್ಲಿ ಅಜ್ಜನ ಗಡ್ಡ ಎಂದು ಊದಿ ಹಾರಿಸುತ್ತಿದ್ದೆವಲ್ಲ, ಅಂಥವೇ.

ಗಿಡ ಗುರುತಿಸುವ ಮೊಬೈಲ್ ಆ್ಯಪ್ ಒಂದಕ್ಕೆ ಚಿತ್ರ ತೋರಿಸಿದಾಗ ಅದು ಕ್ಷಣವೂ ತಡಮಾಡದೆ ಡ್ಯಾಂಡೇಲಿಯನ್ ಎಂದಿತು. ಇಂಗ್ಲಿಷ್ ಪಠ್ಯಪುಸ್ತಕಗಳಲ್ಲಿ ನೋಡಿದ ಆ ಹೂವಿನ ಚಿತ್ರಕ್ಕೂ ಇದಕ್ಕೂ ಹೋಲಿಕೆ ಇರುವುದು ನಿಜ. ಆದರೆ ಶೀತದೇಶದ ಆ ಗಿಡ ಗದಗಿನ ಬಿಸಿಲಿನಲ್ಲಿ, ಯಾರೂ ನೆಡದೆ, ಇಷ್ಟು ಸಹಜವಾಗಿ ಬೆಳೆದೀತೆ ಎಂಬ ಅನುಮಾನ ನನ್ನನ್ನು ಬಿಡುತ್ತಿಲ್ಲ. ನಾಲ್ಕು ಚಿತ್ರಗಳನ್ನು ಜೊತೆಗೆ ಹಾಕಿದ್ದೇನೆ. ನಾಲ್ಕನ್ನೂ ಮೇಲಿನಿಂದಲೇ ತೆಗೆದಿದ್ದೇನೆ, ಕ್ಷಮಿಸಿ. ಬಲ್ಲವರು ದಯವಿಟ್ಟು ತಿಳಿಸಿ.

ಕೆರೆಯಂಗಳ

ಇದು ಗಬ್ಬು ಸಾವಂತಿ, ಅಂದರೆ ಟ್ರೈಡ್ಯಾಕ್ಸ್, ಎಂದು ನನ್ನ ಅಭಿಪ್ರಾಯ. ರಸ್ತೆಬದಿಯಲ್ಲಿ, ಹಳದಿ ಹೂವಿನೊಂದಿಗೆ, ಬಿಳಿಯ ತುಪ್ಪುಳು ಹಾರಿಸುತ್ತ ನಮ್ಮ ರಾಜ್ಯದ ಎಲ್ಲ ಊರುಗಳಲ್ಲೂ ಸಿಗುವುದು ಅದೇ. ನಮ್ಮಲ್ಲಿ ಗಾಯಕ್ಕೆ ಅದರ ಸೊಪ್ಪಿನ ರಸ ಹಿಂಡುತ್ತಾರೆ.

ಎರೆಹೊಲ

ಕೆರೆಯಂಗಳ ಅವರೇ, ಗಬ್ಬು ಸಾವಂತಿಯನ್ನು ಚಿವುಟಿದರೆ ಹಾಲು ಬರುವುದಿಲ್ಲ. ಗರಿಕೆ ಅವರು ಹಾಲು ಬಂತೆಂದು ಸ್ಪಷ್ಟವಾಗಿ ಬರೆದಿದ್ದಾರೆ.

ನಾನು ರೋಣ ತಾಲ್ಲೂಕಿನವನು. ಮೂರನೆಯ ಚಿತ್ರದ ಮೂಲೆಯಲ್ಲಿ ಅರ್ಧ ಕಾಣುವ ಆ ಎಲೆಯನ್ನು ನೋಡಿದ ತಕ್ಷಣ ನನಗೆ ಗುರುತು ಸಿಕ್ಕಿತು. ಇದು ಹಕ್ಕರಿಕೆ. ನಮ್ಮ ಮಾತಿನಲ್ಲಿ ಹಕ್ಕರಕಿ, ಕೆಲವು ಊರುಗಳಲ್ಲಿ ಹತ್ತರಕಿ. ಗರಿಕೆ ಅವರು ಎಳ್ಳಮಾವಾಸ್ಯೆಯ ಚರಗದ ಊಟಕ್ಕೆ ಹೊಲಕ್ಕೆ ಹೋಗಿದ್ದರೆ ಬಹುಶಃ ಇದೇ ಗಿಡದ ಎಲೆಯನ್ನು ತಿಂದು ಬಂದಿರುತ್ತಾರೆ, ಹೂ ಬಿಟ್ಟ ಗಿಡವನ್ನು ಮಾತ್ರ ಅದರೊಂದಿಗೆ ಹೊಂದಿಸಿ ನೋಡಿರಲಿಕ್ಕಿಲ್ಲ. ಇದರಲ್ಲಿ ಅವರ ತಪ್ಪೇನೂ ಇಲ್ಲ, ಏಕೆಂದರೆ ಸಂತೆಗೆ ಬರುವ ಹಕ್ಕರಿಕೆಯಲ್ಲಿ ಹೂವು ಇರುವುದೇ ಇಲ್ಲ. ಹೂದಂಟು ಏಳುವ ಮೊದಲೇ, ಎಲೆಗಳು ನೆಲಕ್ಕೆ ವೃತ್ತಾಕಾರವಾಗಿ ಅಂಟಿಕೊಂಡಿರುವಾಗ, ಕುರ್ಚಿಗೆ ಎಂಬ ಕೈಸಲಕರಣೆಯಿಂದ ಬುಡ ಕೊಯ್ದು ತರುತ್ತಾರೆ. ದಂಟು ಎದ್ದ ಮೇಲೆ ಕಹಿ ಏರುತ್ತದೆ, ಆಮೇಲೆ ಯಾರೂ ಮುಟ್ಟುವುದಿಲ್ಲ.

ಹಿಂಗಾರಿ ಜೋಳ ಮೊಣಕಾಲೆತ್ತರ ಬರುವ ಹೊತ್ತಿಗೆ ಬದುಗಳಲ್ಲಿ, ಸಾಲಿನ ನಡುವೆ ಇದು ಕಾಣಿಸಿಕೊಳ್ಳುತ್ತದೆ. ನಮ್ಮ ಮನೆಯಲ್ಲಿ ಇದನ್ನು ಬೇಯಿಸುವುದು ಕಡಿಮೆ. ತೊಳೆದು, ನೀರು ಜಾಡಿಸಿ, ಖಡಕ್ ರೊಟ್ಟಿಯ ಮೇಲೆ ಹಸಿಯಾಗಿಯೇ ಇಟ್ಟು, ಶೇಂಗಾ ಹಿಂಡಿ ಮತ್ತು ಗಟ್ಟಿ ಮೊಸರಿನೊಂದಿಗೆ ತಿನ್ನುತ್ತೇವೆ. ಉಳ್ಳಾಗಡ್ಡಿಯೊಂದಿಗೆ ಸಣ್ಣಗೆ ಹೆಚ್ಚಿ ಪಚಡಿ ಮಾಡುವುದೂ ಉಂಟು. ಮೊದಲ ತುತ್ತಿಗೆ ನಾಲಿಗೆಯ ಹಿಂಭಾಗದಲ್ಲಿ ಒಂದು ತೆಳುವಾದ ಕಹಿ ನಿಲ್ಲುತ್ತದೆ. ಅದೇ ಹಕ್ಕರಿಕೆಯ ರುಚಿ.

ಭೂತಗನ್ನಡಿ

ನಾನು ಕಾಲೇಜಿನಲ್ಲಿ ಸಸ್ಯಶಾಸ್ತ್ರ ಕಲಿಸಿ ನಿವೃತ್ತನಾದವನು. ಎರೆಹೊಲ ಅವರ ಗುರುತು ಸರಿಯಾದ ದಿಕ್ಕಿನಲ್ಲಿದೆ. ಆದರೂ ಈ ಪ್ರಶ್ನೆ ಮೇಲಿಂದ ಮೇಲೆ ಬರುವುದರಿಂದ, ಗರಿಕೆ ಅವರೇ ಗಿಡದ ಮುಂದೆ ಕುಳಿತು ತೀರ್ಮಾನಿಸಲು ಬರುವಂತೆ ಸ್ವಲ್ಪ ವಿವರವಾಗಿ ಬರೆಯುತ್ತೇನೆ.

ಇಂಥ ಗಿಡಗಳಲ್ಲಿ ನಾವು ಹೂವು ಎಂದು ಕರೆಯುವುದು ಒಂದು ಹೂವಲ್ಲ, ಹತ್ತಾರು ಕಿರುಹೂಗಳ ಒಂದು ಕೂಟ. ನಾವು ಎಸಳು ಎಂದುಕೊಳ್ಳುವ ಪ್ರತಿಯೊಂದು ಹಳದಿ ಪಟ್ಟಿಯೂ ಒಂದು ಪೂರ್ಣ ಹೂವು. ಅದರ ಮೊಂಡು ತುದಿಯಲ್ಲಿ ಐದು ಪುಟ್ಟ ಹಲ್ಲುಗಳಿದ್ದರೆ, ಗಿಡದಲ್ಲಿ ಹಾಲೂ ಇದ್ದರೆ, ಅದು ಸೂರ್ಯಕಾಂತಿ ಕುಟುಂಬದೊಳಗಿನ ಚಿಕೋರಿ ಬಳಗಕ್ಕೆ ಸೇರಿದ್ದೆಂದು ತಿಳಿಯಬಹುದು. ನಮ್ಮ ಕಾಫಿ ಪುಡಿಗೆ ಬೆರೆಸುವ ಚಿಕೋರಿ, ಹೋಟೆಲಿನ ತಟ್ಟೆಯ ಲೆಟ್ಯೂಸ್, ಯುರೋಪಿನ ಡ್ಯಾಂಡೇಲಿಯನ್ ಮತ್ತು ನಮ್ಮ ಹಕ್ಕರಿಕೆ ಎಲ್ಲವೂ ಈ ಬಳಗದವೇ. ಟ್ರೈಡ್ಯಾಕ್ಸ್ ಇಲ್ಲಿಗೆ ಸೇರುವುದಿಲ್ಲ. ಅದರಲ್ಲಿ ನಡುವೆ ಹಳದಿಯ ಗುಂಡಿ, ಸುತ್ತಲೂ ಮೂರು ಹಲ್ಲಿನ ಐದಾರು ಮಾಸಲು ಬಿಳಿಯ ಎಸಳುಗಳು, ಕಾಂಡದ ಮೇಲೆ ಎದುರುಬದುರಾದ ಒರಟು ಎಲೆಗಳು, ಎಲ್ಲೆಡೆ ರೋಮ. ಅದು ಮಧ್ಯ ಅಮೆರಿಕದಿಂದ ಬಂದು ನಮ್ಮಲ್ಲಿ ಹಬ್ಬಿದ ಕಳೆ. ಕೆರೆಯಂಗಳ ಅವರಿಗಾದ ಗೊಂದಲಕ್ಕೆ ಹೆಸರಿನಲ್ಲೂ ಒಂದು ಕಾರಣವಿದೆ: ಟ್ರೈಡ್ಯಾಕ್ಸ್‌ನ ಪೂರ್ಣ ಹೆಸರು ಟ್ರೈಡ್ಯಾಕ್ಸ್ ಪ್ರೊಕಂಬೆನ್ಸ್, ಹಕ್ಕರಿಕೆಯ ಪೂರ್ಣ ಹೆಸರು ಲೌನಿಯಾ ಪ್ರೊಕಂಬೆನ್ಸ್. ಪ್ರೊಕಂಬೆನ್ಸ್ ಎಂದರೆ ನೆಲಕ್ಕೊರಗಿದ್ದು ಎಂದಷ್ಟೇ ಅರ್ಥ, ಅದರಿಂದ ನಂಟಸ್ತಿಕೆ ಏರ್ಪಡುವುದಿಲ್ಲ.

ಇನ್ನು ಡ್ಯಾಂಡೇಲಿಯನ್ ಮತ್ತು ಹಕ್ಕರಿಕೆಯ ನಡುವಿನ ವ್ಯತ್ಯಾಸ. ಮೇಲಿನಿಂದ ನೋಡಿದರೆ ಇವೆರಡನ್ನು ಬೇರ್ಪಡಿಸುವುದು ಕಷ್ಟ, ಆ್ಯಪ್ ಎಡವುವುದೂ ಅಲ್ಲಿಯೇ. ಹೂವನ್ನು ತಲೆಕೆಳಗೆ ಮಾಡಿ ನೋಡಬೇಕು. ಡ್ಯಾಂಡೇಲಿಯನ್‌ನಲ್ಲಿ ಒಂದು ದಂಟಿಗೆ ಒಂದೇ ಹೂವು. ಆ ದಂಟಿನಲ್ಲಿ ಎಲೆಯಿಲ್ಲ, ಕವಲಿಲ್ಲ, ಕೊಯ್ದರೆ ಒಳಗೆ ಕೊಳವೆಯಂತೆ ಟೊಳ್ಳು. ಹೂವಿನ ಕೆಳಗೆ ಹಸಿರು ಬಟ್ಟಲಿನಂತಿರುವ ಹೊದಿಕೆಯೆಲೆಗಳಲ್ಲಿ ಹೊರಸುತ್ತಿನವು ಸಾಮಾನ್ಯವಾಗಿ ಕೆಳಕ್ಕೆ ಬಾಗಿರುತ್ತವೆ. ಹಕ್ಕರಿಕೆಯಲ್ಲಿ ದಂಟು ಕವಲೊಡೆಯುತ್ತದೆ, ಒಂದೊಂದು ಕವಲಿನಲ್ಲೂ ಹೂವುಗಳಿರುತ್ತವೆ, ಕವಲಿನ ಬುಡದಲ್ಲಿ ಪುಟ್ಟ ಎಲೆಗಳೂ ಇರುತ್ತವೆ. ಹೊದಿಕೆಯೆಲೆಗಳು ಹೆಂಚಿನಂತೆ ಒಂದರ ಮೇಲೊಂದು ಕುಳಿತಿರುತ್ತವೆ, ಹೊರಗಿನವು ಗಿಡ್ಡ, ಒಳಗಿನವು ಉದ್ದ. ಅವುಗಳ ಅಂಚಿನಲ್ಲಿ ಈರುಳ್ಳಿ ಸಿಪ್ಪೆಯಷ್ಟು ತೆಳುವಾದ ಬಿಳಿಯ ಪಟ್ಟಿ ಇರುತ್ತದೆ. ನನ್ನ ಮಟ್ಟಿಗೆ ಈ ಬಿಳಿಯಂಚೇ ಹೂವಿನಲ್ಲಿ ಎಲ್ಲಕ್ಕಿಂತ ನಂಬಿಕೆಯ ಗುರುತು.

ಬೀಜವಿದ್ದರೆ ಸಂಶಯವೇ ಉಳಿಯುವುದಿಲ್ಲ. ಡ್ಯಾಂಡೇಲಿಯನ್ ಬೀಜದ ನೆತ್ತಿಯಿಂದ ಒಂದು ಸಪೂರವಾದ ಕಡ್ಡಿ ಎದ್ದು, ಅದರ ತುದಿಯಲ್ಲಿ ತುಪ್ಪುಳು ಕೊಡೆಯಂತೆ ಬಿಚ್ಚಿಕೊಳ್ಳುತ್ತದೆ. ಹಕ್ಕರಿಕೆಯ ಬೀಜಕ್ಕೆ ಆ ಕೊಡೆಯ ಕೋಲು ಇಲ್ಲ, ರೇಷ್ಮೆಯಂಥ ಬಿಳಿಯ ಎಳೆಗಳು ನೇರವಾಗಿ ಬೀಜದ ನೆತ್ತಿಯ ಮೇಲೇ ಕುಳಿತಿರುತ್ತವೆ ಮತ್ತು ಬೆರಳು ತಾಗಿದರೆ ಕಳಚಿ ಬೀಳುತ್ತವೆ.

ಎಲೆಯ ಅಂಚನ್ನು ಬೆರಳಿನಿಂದ ಸವರಿ ನೋಡಿ. ಬಿಳಿಯ, ಗಡುಸಾದ, ಗರಗಸದಂಥ ಅತಿ ಸಣ್ಣ ಹಲ್ಲುಗಳು ತಾಗಬೇಕು. ಡ್ಯಾಂಡೇಲಿಯನ್ ಎಂಬ ಹೆಸರು ಸಿಂಹದ ಹಲ್ಲು ಎಂಬರ್ಥದ ಫ್ರೆಂಚ್ ಮಾತಿನಿಂದ ಬಂದದ್ದು, ಆದರೆ ಅದರ ಎಲೆಯ ಹಲ್ಲು ದೊಡ್ಡದು ಮತ್ತು ಮೆತ್ತಗಿನದು.

ಗರಿಕೆ

ಮೇಷ್ಟ್ರೇ, ನಿಮಗೆ ಅನಂತ ಧನ್ಯವಾದಗಳು. ನಾನು ಬೆಂಗಳೂರಿಗೆ ಮರಳಿದ್ದರಿಂದ ನಿಮ್ಮ ಬರಹವನ್ನು ಅಕ್ಕನಿಗೆ ಓದಿ ಹೇಳಿದೆ. ಇಂದು ಬೆಳಿಗ್ಗೆ ಅವಳು ಅದೇ ಜಾಗಕ್ಕೆ ಹೋಗಿ, ಒಂದು ಗಿಡವನ್ನು ಬೇರುಸಹಿತ ಅಗೆದು ತಂದು, ಅಂಗಳದ ಕಟ್ಟೆಯ ಮೇಲೆ ಬಿಳಿ ಪಂಚೆ ಹಾಸಿ, ಬಿಡಿಬಿಡಿಯಾಗಿ ಚಿತ್ರ ತೆಗೆದು ಕಳಿಸಿದ್ದಾಳೆ. ಹೊಸ ಚಿತ್ರಗಳನ್ನು ಈಗ ಸೇರಿಸಿದ್ದೇನೆ.

ನೀವು ಹೇಳಿದ ಬಿಳಿಯಂಚು ಆರನೆಯ ಚಿತ್ರದಲ್ಲಿ ನಿಚ್ಚಳವಾಗಿದೆ, ಹಸಿರು ಬಟ್ಟಲಿಗೆ ಯಾರೋ ಸುಣ್ಣದ ಗೆರೆ ಎಳೆದಂತೆ ಕಾಣುತ್ತದೆ. ದಂಟು ಮೂರು ಕಡೆ ಕವಲೊಡೆದಿದೆ. ಎಲೆಯ ಅಂಚಿನ ಹಲ್ಲು ಚಿತ್ರದಲ್ಲಿ ಮೂಡಿಲ್ಲ, ಆದರೆ ಬೆರಳಿಗೆ ತಾಗುತ್ತದೆ ಎಂದು ಅಕ್ಕ ಹೇಳಿದಳು. ಒಂದು ತುಪ್ಪುಳಿನ ಬೀಜವನ್ನು ಅಂಗೈಯ ಮೇಲಿಟ್ಟು ಚಿತ್ರ ತೆಗೆಯುವಷ್ಟರಲ್ಲಿ ಎಳೆಗಳೆಲ್ಲ ಕಳಚಿ, ಕಡ್ಡಿಯಿಲ್ಲದ ಬರಿಯ ಕಂದು ಬೀಜ ಮಾತ್ರ ಉಳಿಯಿತಂತೆ. ಬೇರು ಮಾತ್ರ ಅರ್ಧಕ್ಕೇ ಮುರಿದಿದೆ. ಎರೆಮಣ್ಣು ಒಣಗಿ ಕಲ್ಲಿನಂತಾಗಿದ್ದರಿಂದ ಪೂರ್ತಿ ಬರಲಿಲ್ಲ.

ಇನ್ನೊಂದು ಸಂಗತಿ. ಅಕ್ಕ ಹೀಗೆ ಚಿತ್ರ ತೆಗೆಯುತ್ತಿದ್ದಾಗ ಅವಳ ಅತ್ತೆಯವರು ಒಳಗಿನಿಂದ ಬಂದು ನೋಡಿ, "ಇದನ್ನೇನ ಫೋನಿನ್ಯಾಗ ಕೇಳ್ತಿಯವ್ವಾ, ಹಕ್ಕರಕಿ ಬಲತದ ನೋಡು" ಎಂದು ಹೇಳಿ ಒಳಗೆ ಹೋದರಂತೆ. ಬಲಿತಿದೆ ಎಂಬ ಆ ಒಂದು ಮಾತಿನಲ್ಲಿ, ಎರೆಹೊಲ ಅವರು ಹೂದಂಟಿನ ಬಗ್ಗೆ ಬರೆದದ್ದೆಲ್ಲ ಅಡಗಿತ್ತು. ನಾನು ಆ ಮನೆಯಲ್ಲಿ ನಾಲ್ಕು ದಿನ ಇದ್ದೆ. ಊಟಕ್ಕೆ ಕುಳಿತಾಗ ಎರಡು ಸಲ ಹಕ್ಕರಕಿ ಹಾಕಿಸಿಕೊಂಡೆ. ಅವರನ್ನು ಒಂದು ಮಾತು ಕೇಳಬೇಕೆಂದು ನನಗೆ ತೋಚಲಿಲ್ಲವಲ್ಲ ಎಂದು ಈಗ ಬಹಳ ನೋವಾಗುತ್ತಿದೆ.

ಉಸುಕಿನ ದಂಡೆ

ನಮ್ಮ ಕರಾವಳಿಯ ಕಡಲದಂಡೆಯಲ್ಲೂ ಇಂಥದೇ ಹಳದಿ ಹೂವಿನ, ಹಾಲು ಬರುವ ಗಿಡವಿದೆ. ಆದರೆ ಅದು ನೆಟ್ಟಗೆ ದಂಟು ಎತ್ತುವುದಿಲ್ಲ. ಉಸುಕಿನ ಮೇಲೆ ದಾರದಂಥ ಬಳ್ಳಿಗಳನ್ನು ಚಾಚಿ, ಗೇಣಿಗೊಂದು ಕಡೆ ಬೇರು ಬಿಟ್ಟು, ಅಲ್ಲಲ್ಲಿ ಎಲೆಗಳ ಹೊಸ ಸುತ್ತು ಕಟ್ಟುತ್ತ ಹೋಗುತ್ತದೆ. ಬಂಗುಡೆ ಬಳ್ಳಿಯ ಪಕ್ಕದಲ್ಲೇ ಇರುತ್ತದೆ. ಅದೂ ಹಕ್ಕರಿಕೆಯೇ?

ಭೂತಗನ್ನಡಿ

ಅದು ಹಕ್ಕರಿಕೆಯ ಸೋದರ, ಲೌನಿಯಾ ಸಾರ್ಮೆಂಟೋಸ. ಭಾರತದ ಎರಡೂ ಕರಾವಳಿಗಳ ಮರಳಿನಲ್ಲಿ ಇದೆ. ಬಳ್ಳಿಯಂತೆ ಹರಿದು ಬೇರುಬಿಡುವ ಗುಣವೇ ಅದರ ಗುರುತು, ಹೆಸರೂ ಅದನ್ನೇ ಹೇಳುತ್ತದೆ. ಒಳನಾಡಿನ ಹೊಲದಲ್ಲಿ ಸಿಗುವುದು ಅದಲ್ಲ. ಪಶ್ಚಿಮ ಘಟ್ಟದ ಹುಲ್ಲುಗಾವಲುಗಳಲ್ಲಿ ಲೌನಿಯಾ ಅಕಾಲಿಸ್ ಎಂಬ ಇನ್ನೊಂದಿದೆ. ಎಲೆಗಳೆಲ್ಲ ಬುಡದಲ್ಲೇ ಇದ್ದು ಗಿಡ್ಡ ದಂಟಿನ ಮೇಲೆ ಹೂ ಬಿಡುವುದರಿಂದ ನೋಟಕ್ಕೆ ಡ್ಯಾಂಡೇಲಿಯನ್‌ಗೆ ಅತ್ಯಂತ ಹತ್ತಿರ ಬರುವುದು ಅದೇ. ಬೆಟ್ಟ ಹತ್ತುವ ಹುಡುಗರು ಪ್ರತಿ ವರ್ಷ ಅದರ ಚಿತ್ರವನ್ನು ಡ್ಯಾಂಡೇಲಿಯನ್ ಎಂದು ನನಗೆ ಕಳಿಸುತ್ತಾರೆ. ಅಲ್ಲಿಯೂ ಬೀಜದ ಪರೀಕ್ಷೆಯೇ ಕೈಹಿಡಿಯುತ್ತದೆ.

ದೂರದ ಬಯಲು

ನಾನು ಹುಬ್ಬಳ್ಳಿಯವಳು. ಹತ್ತು ವರ್ಷಗಳಿಂದ ಟೆಕ್ಸಸ್‌ನ ಆಸ್ಟಿನ್‌ನಲ್ಲಿದ್ದೇನೆ. ಇಲ್ಲಿಯೂ ಇದೇ ತಪ್ಪು ನಡೆಯುತ್ತದೆ ಎಂದು ತಿಳಿಸಬೇಕೆನಿಸಿತು.

ಇಲ್ಲಿನ ಮನೆಗಳ ಹುಲ್ಲುಹಾಸಿನಲ್ಲಿ ಬೆಳೆಯುವ ಸಾಮಾನ್ಯ ಡ್ಯಾಂಡೇಲಿಯನ್ ಯುರೋಪಿನಿಂದ ಬಂದದ್ದು. ಆದರೆ ವಸಂತ ಬಂತೆಂದರೆ ಹೆದ್ದಾರಿಯ ಅಂಚಿನಲ್ಲೂ ಬಯಲುಗಳಲ್ಲೂ ನಿಂಬೆಹಳದಿಯ ಇನ್ನೊಂದು ಹೂವು ಅರಳುತ್ತದೆ. ಅದು ಈ ನೆಲದ್ದೇ ಆದ ಪಿರ್ರೋಪಾಪಸ್ ಎಂಬ ಕುಲಕ್ಕೆ ಸೇರಿದೆ. ಇಲ್ಲಿನ ಜನ ಅದನ್ನು ಟೆಕ್ಸಸ್ ಡ್ಯಾಂಡೇಲಿಯನ್ ಎಂದು ಕರೆಯುತ್ತಾರೆ. ಗುರುತು ಸುಲಭ: ಹಳದಿಯ ನಡುವೆ ಪರಾಗಕೋಶಗಳ ಕಪ್ಪುನೇರಳೆ ಬಣ್ಣದ ಸಣ್ಣ ಕಡ್ಡಿಗಳು ಎದ್ದು ನಿಂತಿರುತ್ತವೆ, ಡ್ಯಾಂಡೇಲಿಯನ್‌ನಲ್ಲಿ ಅವೂ ಹಳದಿಯೇ. ಬೆಳಿಗ್ಗೆ ಅರಳಿ, ಬಿಸಿಲೇರಿದಂತೆ ಮುಚ್ಚಿಕೊಳ್ಳುವುದು ಗರಿಕೆ ಅವರು ಬರೆದಂತೆಯೇ. ಕಚೇರಿಗೆ ಹೋಗುವಾಗ ಹಳದಿಯಾಗಿ ಕಂಡ ಬಯಲು ಊಟದ ವೇಳೆಗೆ ಬರಿಯ ಹಸಿರಾಗಿರುತ್ತದೆ.

ಅಂಗಳದಲ್ಲಿದ್ದ ನಿಜವಾದ ಡ್ಯಾಂಡೇಲಿಯನ್ ಒಂದನ್ನು ಮೇಷ್ಟ್ರು ಹೇಳಿದಂತೆ ಕೊಯ್ದು ನೋಡಿದೆ. ದಂಟು ಕಾಗದದ ಸ್ಟ್ರಾ ಹಾಗೆ ಟೊಳ್ಳು, ಹೊರಸುತ್ತಿನ ಹೊದಿಕೆಯೆಲೆಗಳೆಲ್ಲ ಕೆಳಕ್ಕೆ ಮಡಚಿಕೊಂಡಿದ್ದವು. ಇಲ್ಲಿನ ಅಂಗಡಿಗಳಲ್ಲಿ ಡ್ಯಾಂಡೇಲಿಯನ್ ಸೊಪ್ಪನ್ನು ಕಟ್ಟು ಕಟ್ಟಿ ಮಾರುತ್ತಾರೆ. ಊರಿನ ನೆನಪಾದಾಗ ಅದನ್ನೇ ತಂದು ರೊಟ್ಟಿಯ ಜೊತೆ ತಿನ್ನುತ್ತೇನೆ. ಕಹಿ ಹೋಲುತ್ತದೆ, ಆದರೆ ಎಲೆ ದಪ್ಪ.

ಹೊಸ ಚಿಗುರು

ಇದನ್ನೆಲ್ಲ ಓದಿ ನನಗೂ ಹಕ್ಕರಿಕೆಯನ್ನು ಕಿತ್ತು ತಿನ್ನಬೇಕೆನಿಸಿದೆ. ತುಮಕೂರಿನ ನಮ್ಮ ಬಡಾವಣೆಯ ಖಾಲಿ ನಿವೇಶನಗಳಲ್ಲಿ ಎಲೆಗಳನ್ನು ನೆಲಕ್ಕೆ ಹರಡಿಕೊಂಡ ಗಿಡಗಳು ಬಹಳಷ್ಟಿವೆ. ಹೂವಿಲ್ಲದಿರುವಾಗಲೇ ಕೀಳಬೇಕಾದರೆ ಗುರುತಿಸುವುದು ಹೇಗೆ?

ಎರೆಹೊಲ

ದಯವಿಟ್ಟು ಅವಸರ ಮಾಡಬೇಡಿ. ಬರಿಯ ಎಲೆ ನೋಡಿ ಕೀಳುವ ಕೆಲಸ, ಅದನ್ನು ವರ್ಷಗಟ್ಟಲೆ ಕಿತ್ತು ರೂಢಿಯಿದ್ದವರಿಗೆ ಮಾತ್ರ ಸರಿ. ಚಳಿಗಾಲದಲ್ಲಿ ಎಲೆಯನ್ನು ನೆಲಕ್ಕೆ ಹರಡಿ ಕೂರುವ ಗಿಡಗಳು ಹತ್ತಾರು.

ಅವುಗಳಲ್ಲಿ ನಾನು ಹೆದರುವುದು ಅರಿಸಿನ ಉಮ್ಮತ್ತಿಗೆ. ಅದರ ಎಳೆಯ ಗಿಡವೂ ಹೀಗೆಯೇ ವೃತ್ತಾಕಾರವಾಗಿ ಹರಡಿ, ಸೀಳುಸೀಳಾದ ಎಲೆಗಳನ್ನು ಹೊಂದಿರುತ್ತದೆ. ಆದರೆ ನರಗಳ ಉದ್ದಕ್ಕೂ ಬಿಳಿಯ ಪಟ್ಟೆಗಳಿರುತ್ತವೆ, ಅಂಚಿನಲ್ಲಿ ಚುಚ್ಚುವ ಮುಳ್ಳಿರುತ್ತದೆ, ಚಿವುಟಿದರೆ ಹಳದಿಯ ಹಾಲು ಬರುತ್ತದೆ. ಅದು ವಿಷ. ಸಾಸಿವೆ ಎಣ್ಣೆಯಲ್ಲಿ ಅದರ ಬೀಜದ ಎಣ್ಣೆ ಬೆರೆತು 1998ರಲ್ಲಿ ದೆಹಲಿಯಲ್ಲಿ ಜನ ಸತ್ತದ್ದು ಹಲವರಿಗೆ ನೆನಪಿರಬಹುದು. ಇನ್ನು ಖಾಲಿ ನಿವೇಶನಗಳಲ್ಲಿ ನೀವು ನೋಡಿರುವುದು ಬಹುಪಾಲು ಕಾಂಗ್ರೆಸ್ ಕಳೆಯ, ಅಂದರೆ ಪಾರ್ಥೇನಿಯಂನ, ಎಳೆಯ ಗಿಡಗಳೇ ಇರಬೇಕು. ಅದರ ಎಲೆ ಕ್ಯಾರೆಟ್ ಸೊಪ್ಪಿನಂತೆ ಎರಡೆರಡು ಸಲ ಸೀಳಿರುತ್ತದೆ, ಹಾಲು ಇಲ್ಲ, ಮುಟ್ಟಿದರೆ ಕೆಲವರಿಗೆ ಚರ್ಮ ತುರಿಸಿ ದದ್ದು ಏಳುತ್ತದೆ. ಹಾಲು ಬಂದ ಮಾತ್ರಕ್ಕೂ ತಿನ್ನಲು ಯೋಗ್ಯವೆಂದು ಅರ್ಥವಲ್ಲ, ಅಚ್ಚೆಗಿಡದಲ್ಲೂ ಬಿಳಿಯ ಹಾಲಿದೆ.

ಗುರುತು ಕಲಿಯಲು ನನಗೆ ಗೊತ್ತಿರುವ ಒಳ್ಳೆಯ ದಾರಿ ಒಂದೇ. ಈ ವರ್ಷ ಒಂದು ಗಿಡವನ್ನು ಕೀಳದೆ ಬಿಟ್ಟು, ಪಕ್ಕದಲ್ಲೊಂದು ಕಲ್ಲಿಟ್ಟು, ಅದು ದಂಟು ಎತ್ತಿ ಹೂ ಬಿಟ್ಟು ಬೀಜ ಹಾರಿಸುವವರೆಗೂ ವಾರಕ್ಕೊಮ್ಮೆ ನೋಡಿ ಬನ್ನಿ. ಹೂವಿನ ಗುರುತುಗಳೆಲ್ಲ ಸರಿಹೊಂದಿದರೆ, ಅದರ ಎಳೆಯ ಎಲೆ ಹೇಗಿತ್ತೆಂಬುದು ನಿಮ್ಮ ಕಣ್ಣಿಗೆ ಅಂಟಿರುತ್ತದೆ. ಅಲ್ಲಿಯವರೆಗೆ ಗದಗ, ಧಾರವಾಡದ ಸಂತೆಗಳಿಂದ ಯಾರಾದರೂ ತಂದರೆ ಕೊಂಡು ತಿನ್ನಿ. ಗುರುತು ಖಚಿತವಾದ ಮೇಲೂ ರಸ್ತೆಯಂಚಿನದನ್ನು, ಕಳೆನಾಶಕ ಹೊಡೆದ ಹೊಲದ್ದನ್ನು ತಿನ್ನಬಾರದು. ನಮ್ಮ ಊರಿನಲ್ಲಿ ಕಳೆನಾಶಕ ಬಂದ ಮೇಲೆ ಬದುವಿನ ಹಕ್ಕರಕಿಯೂ ಕಡಿಮೆಯಾಗಿದೆ. ಮೊದಲು ನಮ್ಮವ್ವ ಒಂದು ಹೊಲದ ಬದುವಿನಲ್ಲೇ ಉಡಿ ತುಂಬಿಸಿಕೊಂಡು ಬರುತ್ತಿದ್ದಳು, ಈಗ ಅಷ್ಟು ಆಯಲು ಮೂರು ಹೊಲ ತಿರುಗಬೇಕು.

ಕೆರೆಯಂಗಳ

ನನ್ನ ಮೊದಲ ಉತ್ತರ ತಪ್ಪಾಗಿತ್ತು, ತಿದ್ದಿದ್ದಕ್ಕೆ ಎಲ್ಲರಿಗೂ ವಂದನೆಗಳು. ಒಂದು ಪ್ರಶ್ನೆ ಉಳಿಯಿತು. ನಾನು ಹುಡುಕಿ ಓದಿದಾಗ ಕೆಲವರು ಹಕ್ಕರಿಕೆಯನ್ನು ಲೌನಿಯಾ ಇಂಟಿಬೇಸಿಯಾ ಎಂದು ಬರೆದಿದ್ದಾರೆ. ಮೇಷ್ಟ್ರು ಪ್ರೊಕಂಬೆನ್ಸ್ ಎಂದಿದ್ದಾರೆ. ಯಾವುದು ಸರಿ?

ಭೂತಗನ್ನಡಿ

ಬಹಳ ಒಳ್ಳೆಯ ಪ್ರಶ್ನೆ. ಊರಿನ ಹೆಸರು ಮತ್ತು ಶಾಸ್ತ್ರದ ಹೆಸರು ಒಂದಕ್ಕೊಂದು ಕೀಲಿ ಹಾಕಿದಂತೆ ಕೂರಬೇಕೆಂದು ನಾವು ಬಯಸುತ್ತೇವೆ, ಆದರೆ ಸೊಪ್ಪು ಆಯುವವರು ಗಿಡವನ್ನು ರುಚಿಯಿಂದಲೂ ಎಲೆಯಿಂದಲೂ ವಿಂಗಡಿಸಿದರು. ತಿನ್ನಲು ಒಂದೇ ರೀತಿಯಿರುವ ಎರಡು ಲೌನಿಯಾಗಳನ್ನು ಹಕ್ಕರಿಕೆ ಎಂಬ ಒಂದೇ ಹೆಸರಿನಿಂದ ಕರೆದರೆ ಅವರ ಕೆಲಸಕ್ಕೆ ಅಡ್ಡಿಯಿಲ್ಲ. ಹಾಗಾಗಿ ಎರಡನ್ನೂ ಹಕ್ಕರಿಕೆ ಎನ್ನುವುದು ತಪ್ಪಲ್ಲ. ನಿರ್ದಿಷ್ಟ ಗಿಡವೊಂದಕ್ಕೆ ಶಾಸ್ತ್ರದ ಹೆಸರು ಬರೆಯುವಾಗ ಮಾತ್ರ ಆ ಗಿಡವನ್ನೇ ನೋಡಿ ಬರೆಯಬೇಕು.

ಇಂಟಿಬೇಸಿಯಾ ಒಂದೇ ವರ್ಷ ಬಾಳುವ ಗಿಡ. ದಂಟು ನೆಟ್ಟಗೆ, ಕೆಲವೊಮ್ಮೆ ಸೊಂಟದೆತ್ತರಕ್ಕೂ ಏಳುತ್ತದೆ. ಪ್ರೊಕಂಬೆನ್ಸ್ ಬಹುವಾರ್ಷಿಕ. ದಂಟುಗಳು ನೆಲಕ್ಕೊರಗಿ ಆಮೇಲೆ ತಲೆಯೆತ್ತುತ್ತವೆ, ಬುಡದಲ್ಲಿ ದಪ್ಪ ತಾಯಿಬೇರು ಇರುತ್ತದೆ, ಒಳಗಿನ ಹೊದಿಕೆಯೆಲೆಗಳ ಬಿಳಿಯಂಚು ಅಗಲವಾಗಿರುತ್ತದೆ. ಗರಿಕೆ ಅವರ ಅಕ್ಕ ಕಳಿಸಿದ ಆರನೆಯ ಚಿತ್ರದ ಅಗಲವಾದ ಬಿಳಿಯಂಚು ಮತ್ತು ಒರಗಿದ ದಂಟುಗಳನ್ನು ನೋಡಿ ನಾನು ಪ್ರೊಕಂಬೆನ್ಸ್ ಎನ್ನುತ್ತಿದ್ದೇನೆ. ಬೇರು ಪೂರ್ತಿ ಸಿಕ್ಕಿದ್ದರೆ ಇನ್ನೂ ಗಟ್ಟಿಯಾಗಿ ಹೇಳಬಹುದಿತ್ತು.

ಈ ಗಿಡವನ್ನು ಮೊದಲು ಶಾಸ್ತ್ರೀಯವಾಗಿ ವರ್ಣಿಸಿದವನು ವಿಲಿಯಂ ರಾಕ್ಸ್‌ಬರ್ಗ್. ಕೋರಮಂಡಲ ಕರಾವಳಿಯಲ್ಲಿ ಕೆಲಸ ಮಾಡಿ, 1793ರಿಂದ ಕಲ್ಕತ್ತೆಯ ಸಸ್ಯೋದ್ಯಾನದ ಹೊಣೆ ಹೊತ್ತವನು. ಅವನು ಇದನ್ನು ಪ್ರೆನಾಂಥಿಸ್ ಎಂಬ ಕುಲದಲ್ಲಿಟ್ಟಿದ್ದ. ಈಗಿನ ಲೌನಿಯಾ ಪ್ರೊಕಂಬೆನ್ಸ್ ಎಂಬ ಹೆಸರು 1969ರಲ್ಲಿ ರಾಮಯ್ಯ ಮತ್ತು ರಾಜಗೋಪಾಲ್ ಎಂಬ ಭಾರತೀಯ ಸಸ್ಯವಿಜ್ಞಾನಿಗಳಿಂದ ಬಂತು. ಲೌನಿಯಾ ಕುಲದ 50ಕ್ಕೂ ಹೆಚ್ಚು ಪ್ರಭೇದಗಳು ಮುಖ್ಯವಾಗಿ ಆಫ್ರಿಕದಿಂದ ಭಾರತದವರೆಗಿನ ಒಣನಾಡುಗಳಲ್ಲಿವೆ. ಗದಗಿನ ಬಿಸಿಲು ಈ ಕುಲಕ್ಕೆ ಒಗ್ಗಿದ ಬಿಸಿಲೇ. ಡ್ಯಾಂಡೇಲಿಯನ್ ನಮ್ಮ ದೇಶದಲ್ಲಿ ಸಹಜವಾಗಿ ಇರುವುದು ಹಿಮಾಲಯದ ತಂಪಿನಲ್ಲಿ. ಕಾಶ್ಮೀರದ ಮನೆಗಳಲ್ಲಿ ಅದರ ಸೊಪ್ಪನ್ನೂ ಅಡುಗೆಗೆ ಬಳಸುತ್ತಾರೆ.

ಗರಿಕೆ

ಆ್ಯಪ್‌ನಲ್ಲಿ ಡ್ಯಾಂಡೇಲಿಯನ್ ಎಂದು ದಾಖಲಾಗಿದ್ದ ನನ್ನ ಚಿತ್ರಗಳಿಗೆ ಲೌನಿಯಾ ಪ್ರೊಕಂಬೆನ್ಸ್ ಎಂದು ತಿದ್ದಿ, ಸ್ಥಳೀಯ ಹೆಸರಿನ ಜಾಗದಲ್ಲಿ ಹಕ್ಕರಿಕೆ, ಹಕ್ಕರಕಿ, ಹತ್ತರಕಿ ಎಂಬ ಮೂರೂ ರೂಪಗಳನ್ನು ಕನ್ನಡ ಲಿಪಿಯಲ್ಲೇ ಬರೆದಿದ್ದೇನೆ. ಹೂವಿನ ಕೆಳಭಾಗ, ಕವಲೊಡೆದ ದಂಟು, ಕಡ್ಡಿಯಿಲ್ಲದ ಬೀಜ, ಈ ಮೂರು ಚಿತ್ರಗಳನ್ನು ಮೊದಲಿಗೆ ಇಟ್ಟಿದ್ದೇನೆ. ಮೇಲಿನಿಂದ ತೆಗೆದವು ಕೊನೆಗಿವೆ.

ಮೇಷ್ಟ್ರೇ, ಬೇರಿನ ವಿಷಯ ಅಕ್ಕನಿಗೆ ಹೇಳಿದ್ದೇನೆ. ಹಿತ್ತಲಿನ ಬಚ್ಚಲು ನೀರು ಹರಿಯುವಲ್ಲಿ ಒಂದು ಗಿಡ ಇದೆಯಂತೆ, ಅಲ್ಲಿ ಮಣ್ಣು ಹಸಿಯಾಗಿದೆ. ಭಾನುವಾರ ಅಗೆಯುತ್ತಾಳೆ. ಚಿತ್ರ ಬಂದ ಕೂಡಲೇ ಇಲ್ಲಿ ಹಾಕುತ್ತೇನೆ.